ಯಾರದೋ ಬೀಗದ ಕೈ

ಎಚ್ಚರವಾದಾಗ ನನ್ನ ಮುಷ್ಟಿಯಲ್ಲಿ ಒಂದು ಬೀಗದ ಕೈಗೊಂಚಲು ಇತ್ತು. ನನ್ನದಲ್ಲ. ನಮ್ಮ ಮನೆಯದೂ ಅಲ್ಲ.

ಹಿಂದೂಪುರದ ಕಾಲೇಜಿನ ಲೈಬ್ರರಿಯ ನೆಲದ ಮೇಲೆ ಬಿದ್ದಿದ್ದೆ. ಬಾಯಲ್ಲಿ ರಕ್ತದ ರುಚಿ. ನಾಲಿಗೆ ಕಚ್ಚಿಕೊಂಡಿದ್ದೆ. ಒನಕೆಯಲ್ಲಿ ಕುಟ್ಟಿದ ಹಾಗೆ ಮೈಯೆಲ್ಲ ನೋವು. ಕಣ್ಣೆದುರಿಗೆ ಬರೀ ಚಪ್ಪಲಿ ಕಾಲುಗಳು. "ಬೀಗಾಲು ಗಟ್ಟಿಗಾ ಪಟ್ಟಿಂಚಂಡಿ" ಎಂದು, ಅಂದರೆ ಬೀಗದ ಕೈ ಗಟ್ಟಿಯಾಗಿ ಹಿಡಿಸಿ ಎಂದು, ಯಾರೋ ತೆಲುಗಿನಲ್ಲಿ ಕೂಗುತ್ತಿದ್ದರು. ಕೈಗೆ ಕಬ್ಬಿಣ ಕೊಟ್ಟರೆ ಫಿಟ್ಸ್ ನಿಲ್ಲುತ್ತದೆ ಎಂದು ನಮ್ಮ ಕಡೆ ಎಲ್ಲರೂ ನಂಬುತ್ತಾರೆ. ಲೈಬ್ರರಿಯ ಅಟೆಂಡರ್ ತನ್ನ ಗೊಂಚಲನ್ನೇ ನನ್ನ ಕೈಗೆ ತುರುಕಿದ್ದ.

ಆಗ ನಾನು ಬಿ.ಕಾಂ. ಎರಡನೇ ವರ್ಷದಲ್ಲಿದ್ದೆ. ಈ ಎಂಬತ್ತರ ದಶಕದ ಶುರುವಿನ ಮಾತು. ಎರಡನೇ ಸಲ ಕ್ಲಾಸಿನಲ್ಲೇ ಬಿದ್ದೆ. ಮೂರನೇ ಸಲ ಪರೀಕ್ಷೆಯ ಹಾಲಿನಲ್ಲಿ. ಮಾರನೆಯ ದಿನ ಪ್ರಿನ್ಸಿಪಾಲರು ಅಪ್ಪನನ್ನು ಕರೆಸಿದರು. "ಹುಡುಗಿಗೆ ಏನಾದ್ರೂ ಆದ್ರೆ ಜವಾಬ್ದಾರಿ ಯಾರಪ್ಪಾ?" ಎಂದರು. ಅಪ್ಪ ಮಗ್ಗದಲ್ಲಿ ಸೀರೆ ನೇಯುವವರು. ಮಗ್ಗದ ಮುಂದೆ ಅವರಷ್ಟು ಮಾತಾಡುವವರು ನಮ್ಮ ಬೀದಿಯಲ್ಲೇ ಇರಲಿಲ್ಲ. ಆಫೀಸಿನಲ್ಲಿ ತಲೆ ಎತ್ತಲಿಲ್ಲ. ಹೇಳಿದ ಕಡೆ ಸಹಿ ಹಾಕಿ, ನನ್ನ ಟಿ.ಸಿ. ತಗೊಂಡು ಮನೆಗೆ ಬಂದರು.

ನನ್ನನ್ನು ಯಾರೂ ಒಂದು ಮಾತು ಕೇಳಲಿಲ್ಲ.

ಬೆಂಗಳೂರಿನ ದೊಡ್ಡ ಆಸ್ಪತ್ರೆಯಲ್ಲಿ ಇಇಜಿ ಮಾಡಿಸಿದೆವು. ತಲೆಗೆ ಅಂಟು ಹಚ್ಚಿ ತಂತಿ ಸಿಕ್ಕಿಸಿದರು. ಡಾಕ್ಟರು ಎಪಿಲೆಪ್ಸಿ ಎಂದರು. ಅಮ್ಮ ಅಲ್ಲೇ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು.

"ಮಾತ್ರೆ ತಪ್ಪಿಸಬಾರದು. ಬೆಂಕಿ, ಬಾವಿ, ಮಿಷನ್ನು, ಮೂರರಿಂದ ದೂರ ಇರಬೇಕು" ಎಂದರು ಡಾಕ್ಟರು.

"ಓದೋದು ಸಾರ್?" ಎಂದೆ.

"ಓದಮ್ಮ. ಬೇಡ ಅಂದೋರು ಯಾರು?"

ನಾನು ಅಪ್ಪನ ಮುಖ ನೋಡಿದೆ. ಅವರು ಕಿಟಕಿಯ ಕಡೆ ತಿರುಗಿಕೊಂಡರು. ಡಾಕ್ಟರನ್ನು ಬೀಗದ ಕೈ ವಿಚಾರವನ್ನೂ ಕೇಳಿದೆ. ಫಿಟ್ಸ್ ತಾನಾಗಿಯೇ ನಿಲ್ಲುತ್ತದೆ, ಕಬ್ಬಿಣಕ್ಕೂ ಅದಕ್ಕೂ ಸಂಬಂಧವಿಲ್ಲ, ಪಕ್ಕಕ್ಕೆ ತಿರುಗಿಸಿ ಮಲಗಿಸಿದರೆ ಸಾಕು ಎಂದರು.

ಮಾತ್ರೆಯಿಂದ ಫಿಟ್ಸ್ ಕಡಿಮೆಯಾಯಿತು. ಪೂರ್ತಿ ಹೋಗಲಿಲ್ಲ. ವಸಡು ಊದಿಕೊಂಡಿತು. ಹಗಲೆಲ್ಲ ತೂಕಡಿಕೆ. ಅಮ್ಮ ನನ್ನನ್ನು ಒಲೆಯ ಹತ್ತಿರ ಬಿಡಲಿಲ್ಲ, ನೀರು ಸೇದಲು ಬಿಡಲಿಲ್ಲ, ಬಚ್ಚಲಿನ ಚಿಲಕ ಹಾಕಿಕೊಳ್ಳಲೂ ಬಿಡಲಿಲ್ಲ. ಅವಳ ಹೆದರಿಕೆ ನನಗೆ ಅರ್ಥವಾಗುತ್ತಿತ್ತು. ಆದರೂ ಇಪ್ಪತ್ತು ವರ್ಷದ ಹುಡುಗಿಯನ್ನು ಹಜಾರದ ಮೂಲೆಯಲ್ಲಿ ಕೂರಿಸಿ ಕಾಯುವುದು ಯಾವ ಕಾಯಿಲೆಗೂ ಔಷಧಿಯಲ್ಲ. ನನಗೆ ಸಿಟ್ಟು ಬರುತ್ತಿತ್ತು. ಆ ಸಿಟ್ಟೇ ನನ್ನನ್ನು ಎಬ್ಬಿಸಿತು.

ಡಿಗ್ರಿ ಇಲ್ಲ, ಸರಿ. ಒಂದು ಕೆಲಸವನ್ನಾದರೂ ಕಲಿಯೋಣ ಎಂದು ಹೊರಟೆ. ಐಟಿಐಗೆ ಹೋಗಿ ವಿಚಾರಿಸಿದೆ. ಫಿಟ್ಟರ್, ಟರ್ನರ್, ವೆಲ್ಡರ್. ಬೆಂಕಿ ಇಲ್ಲವೇ ಮಿಷನ್ನು. ನರ್ಸ್ ಟ್ರೈನಿಂಗಿಗೆ ಮೆಡಿಕಲ್ ಸರ್ಟಿಫಿಕೇಟ್ ಬೇಕು. ಹೊಲಿಗೆ ಕಲಿಸುವ ಮೇಡಂ ಕತ್ತರಿ ನೋಡಿದರು, ನನ್ನನ್ನು ನೋಡಿದರು, ಸೀಟು ಖಾಲಿಯಿಲ್ಲ ಎಂದರು. ಮೂಲೆಯಲ್ಲಿ ಎರಡು ಮಿಷನ್ನು ಸುಮ್ಮನೆ ನಿಂತಿದ್ದವು.

ಕೊನೆಗೆ ಉಳಿದದ್ದು ಬಜಾರಿನ ಟೈಪ್‌ರೈಟಿಂಗ್ ಇನ್‌ಸ್ಟಿಟ್ಯೂಟು.

"ಅದೂ ಮಿಷನ್ನೇ ಅಲ್ವೇನೇ?" ಎಂದಳು ಅಮ್ಮ. ಮುಂದಿನ ಸಲ ಆಸ್ಪತ್ರೆಗೆ ಹೋದಾಗ ಅವಳೆದುರಿಗೇ ಡಾಕ್ಟರನ್ನು ಕೇಳಿದೆ. ಅವರು ನಕ್ಕುಬಿಟ್ಟರು. "ಟೈಪ್ ಮಿಷನ್ನು ಯಾರ ಕೈಯನ್ನೂ ಕತ್ತರಿಸಿಲ್ಲಮ್ಮ, ಕಳಿಸಿ" ಎಂದರು.

ಅಮ್ಮ ಒಪ್ಪಿದಳು, ಒಂದು ಷರತ್ತಿನ ಮೇಲೆ. "ಯಾರ್ತಾವೂ ಹೇಳ್ಬ್ಯಾಡ ಕಣಮ್ಮ. ನಾಳೆ ಗಂಡಿನ ಕಡೆಯೋರು ಬತ್ತಾರೆ. ಗೊತ್ತಾದ್ರೆ ಯಾರು ಮಾಡ್ಕಂತಾರೆ?"

ಹೇಳಲಿಲ್ಲ. ಎರಡು ತಿಂಗಳು ಚೆನ್ನಾಗಿಯೇ ನಡೆಯಿತು. ಆಮೇಲೆ ಒಂದು ಸಂಜೆ ಮತ್ತೆ ನೆಲ, ಮತ್ತೆ ಚಪ್ಪಲಿಗಳು.

ಮುಷ್ಟಿಯಲ್ಲಿ ಬೀಗದ ಕೈ. ಈ ಸಲ ಇನ್‌ಸ್ಟಿಟ್ಯೂಟಿನದು.

ಅದನ್ನು ನಡೆಸುತ್ತಿದ್ದವರು ವೆಂಕಟಸ್ವಾಮಿ ಎಂಬ ಮೇಷ್ಟ್ರು. ಮಾರನೆಯ ದಿನ ನನ್ನನ್ನು ಬಾಗಿಲಲ್ಲೇ ನಿಲ್ಲಿಸಿದರು. "ಬ್ಯಾರೆ ಹುಡ್ಗೀರ ಅಪ್ಪ ಅಮ್ಮ ಬಂದು ಕೇಳ್ತಾವ್ರೆ ಕಣಮ್ಮ ಲಲಿತಾ. ನೀನು ಮನೇಲೇ ಪ್ರಾಕ್ಟೀಸ್ ಮಾಡ್ಕ" ಎಂದರು.

"ಮನೇಲಿ ಮಗ್ಗ ಐತೆ ಸಾರ್, ಟೈಪ್ ಮಿಷನ್ ಇಲ್ಲ."

"ನಂಗೂ ಕಷ್ಟ ಕಣಮ್ಮ. ನಿನ್ನೆ ನಿನ್ ಕೈಯಿಂದ ಬೀಗದ ಕೈ ಬಿಡಿಸೋಕಾಗ್ದೆ ನಾನು ಬಾಗ್ಲು ಕಾಯ್ತಾ ಕುಂತಿದ್ದೆ."

ನನಗೆ ನಗು ಬಂತು, ಅಳುವೂ ಬಂತು. ಎರಡನ್ನೂ ನುಂಗಿಕೊಂಡೆ. "ಇನ್ಮೇಲೆ ನಂಗೆ ಬೀಗದ ಕೈ ಕೊಡ್ಬ್ಯಾಡಿ ಸಾರ್. ಪಕ್ಕಕ್ಕೆ ಮಲಗ್ಸಿ, ಅಷ್ಟು ಸಾಕು. ಎದ್ಮೇಲೆ ಟೈಪ್ ಮಾಡ್ತೀನಿ. ಭಯ ಬೀಳೋರು ಬೇಕಾದ್ರೆ ಬ್ಯಾರೆ ಬ್ಯಾಚಿಗೆ ಹೋಗ್ಲಿ. ನಾನು ಹೋಗಲ್ಲ" ಎಂದು ಒಳಗೆ ನಡೆದು, ನನ್ನ ಜಾಗದಲ್ಲಿ ಕೂತು, ಕಾಗದ ಸಿಕ್ಕಿಸಿದೆ. ಮೇಷ್ಟ್ರು ಬಂದು ನನ್ನ ಕುರ್ಚಿಯ ಪಕ್ಕದಲ್ಲಿದ್ದ ಕಬ್ಬಿಣದ ಸ್ಟೂಲನ್ನು ದೂರಕ್ಕೆ ಎಳೆದಿಟ್ಟರು. ಬಿದ್ದರೆ ತಲೆಗೆ ತಗಲದಿರಲಿ ಎಂದು. ಆವತ್ತಿನಿಂದ ಅವರು ನನ್ನ ಗುರುಗಳು.

ಇಂಗ್ಲಿಷ್ ಟೈಪಿಂಗಿನ ಲೋಯರ್, ಹೈಯರ್ ಪರೀಕ್ಷೆ ಎರಡೂ ಪಾಸಾದೆ. ತೆಲುಗಿನದೂ ಆಯಿತು. ಹಿಂದೂಪುರದಲ್ಲಿ ಯಾರೂ ಕೆಲಸ ಕೊಡಲಿಲ್ಲ. ಅಲ್ಲಿ ನಾನು ಟೈಪಿಸ್ಟ್ ಅಲ್ಲ, ಫಿಟ್ಸ್ ಬರುವ ಹುಡುಗಿ. ಕಲ್ಯಾಣದುರ್ಗದಲ್ಲಿ ನನ್ನ ಸೋದರತ್ತೆಯ ಮನೆಯಿತ್ತು. ಮನೆಯ ಮುಂದಿನ ಕೋಣೆ ಬೀದಿಗೇ ತೆರೆಯುತ್ತಿತ್ತು, ಎದುರಿಗೇ ಕೋರ್ಟು. ಅರ್ಜಿ, ಅಫಿಡವಿಟ್ಟು ಟೈಪ್ ಮಾಡಿಸಲು ಸುತ್ತಲ ಹಳ್ಳಿಯವರು ಅಲ್ಲಿಗೇ ಬರಬೇಕು. ಆ ಕೋಣೆಯಲ್ಲೇ ಟೈಪಿಂಗ್ ಅಂಗಡಿ ಇಡುತ್ತೇನೆ ಎಂದೆ.

"ಅಲ್ಲಿ ಬಿದ್ದೋದ್ರೆ ಏನೇ ಗತಿ?" ಎಂದು ಅಮ್ಮ ಅತ್ತಳು.

"ಇಲ್ಲಿ ಬಿದ್ರೆ ನೀನು ಎತ್ತೀಯ, ಅಲ್ಲಿ ಅತ್ತೆ ಎತ್ತಾಳೆ. ಬೀಳೋದಂತೂ ನಾನೇ ಅಲ್ವಾ" ಎಂದೆ. ಮೇಷ್ಟ್ರು ಮಾರಿದ ಹಳೆಯ ತೆಲುಗು ಮಿಷನ್ನನ್ನು ಅಪ್ಪ ಗೋಣಿಯಲ್ಲಿ ಸುತ್ತಿ, ದಾರಿಯುದ್ದಕ್ಕೂ ತೊಡೆಯ ಮೇಲೆ ಇಟ್ಟುಕೊಂಡು, ನನ್ನ ಜೊತೆ ಬಸ್ಸಿನಲ್ಲಿ ಬಂದರು. ಟಿ.ಸಿ. ವಿಷಯದಲ್ಲಿ ನನಗಿದ್ದ ಕೋಪ ಆ ಬಸ್ಸಿನಲ್ಲಿ ಅರ್ಧ ಇಳಿಯಿತು. ಇನ್ನರ್ಧ ಈಗಲೂ ಇದೆ.

ಆ ಮಿಷನ್ನಿನಲ್ಲಿ ನಾನು ಮೊದಲು ಟೈಪ್ ಮಾಡಿದ್ದು ನನ್ನದೇ ಸಮಾಚಾರ. ನನಗೆ ಫಿಟ್ಸ್ ಬರುತ್ತದೆ. ಬಂದರೆ ಪಕ್ಕಕ್ಕೆ ಮಲಗಿಸಿ. ಬಾಯಿಗೆ ಏನನ್ನೂ ತುರುಕಬೇಡಿ. ಸ್ವಲ್ಪ ಹೊತ್ತು ಕಾಯಿರಿ, ನಿಮ್ಮ ಕೆಲಸ ಆಗುತ್ತದೆ. ಅದನ್ನು ಎಲ್ಲರಿಗೂ ಕಾಣುವ ಹಾಗೆ ಗೋಡೆಗೆ ಅಂಟಿಸಿದೆ. ನೋಡಲು ಬಂದ ಅಮ್ಮ ಎದೆ ಹಿಡಿದುಕೊಂಡಳು. ಗಂಡಿನ ಕಡೆಯವರು ಯಾರಾದರೂ ಬಂದರೆ ಓದಿಕೊಳ್ಳಲಿ ಎಂದೆ. ಇನ್ನೂ ಯಾರೂ ಬಂದಿಲ್ಲ.

ಹೋದ ತಿಂಗಳು ಮತ್ತೆ ಬಿದ್ದೆ. ಬಹಳ ದಿನ ಬಂದಿರಲಿಲ್ಲ, ಹೋಯಿತು ಎಂದೇ ನಂಬಿದ್ದೆ. ಕಣ್ಣು ಬಿಟ್ಟಾಗ ಪಕ್ಕಕ್ಕೆ ಮಲಗಿದ್ದೆ. ತಲೆಯ ಕೆಳಗೆ ಮಡಿಸಿದ ಟವೆಲ್ಲು. ಕುಂದುರ್ಪಿಯಿಂದ ಅರ್ಜಿ ಮಾಡಿಸಲು ಬಂದಿದ್ದ ಮುದುಕಪ್ಪ ಒಬ್ಬ ಪಕ್ಕದಲ್ಲಿ ಕುಕ್ಕರುಗಾಲಿನಲ್ಲಿ ಕೂತಿದ್ದ.

ಕೈ ಬಿಗಿಯಾಗಿತ್ತು. ಒಳಗೆ ಕಬ್ಬಿಣ.

"ಓದ್ಸಿಕೊಂಡೆ ಕಣಮ್ಮ, ಗ್ವಾಡೆ ಮ್ಯಾಲಿಂದು. ಆದ್ರೂ ನಂಗೆ ಮನಸ್ಸು ತಡೀಲಿಲ್ಲ. ನಿನ್ ಮೇಜಿನ ಮ್ಯಾಲೇ ಇತ್ತು, ಕೈಗೆ ಕೊಟ್ಬುಟ್ಟೆ" ಎಂದ. ಆಮೇಲೆ ಮಿಷನ್ನಿನಲ್ಲಿ ಅರ್ಧಕ್ಕೆ ನಿಂತಿದ್ದ ಕಾಗದ ನೋಡಿ, "ನಾಳೆ ಬರ್ಲಾ?" ಎಂದು ಕೇಳಿದ.

"ಕೂತ್ಕಳಿ ತಾತ, ಇವತ್ತೇ ಆಯ್ತದೆ."

ನಾಲಿಗೆ ಉರಿಯುತ್ತಿತ್ತು, ಬೆರಳು ಇನ್ನೂ ನಡುಗುತ್ತಿದ್ದವು. ನಾಲ್ಕೈದು ಅಕ್ಷರ ತಪ್ಪಿದವು, ತಿದ್ದಿದೆ. ಅರ್ಜಿ ಮುಗಿಸಿ ಅವನನ್ನು ಕಳಿಸಿ, ಸಂಜೆಯ ಮಾತ್ರೆ ನುಂಗಿದೆ. ಈ ಮಾತ್ರೆ ಜೀವನಪೂರ್ತಿ ಇರಬಹುದು ಎಂದು ಡಾಕ್ಟರು ಹೇಳಿದ್ದಾರೆ. ಇರಲಿ. ಆಮೇಲೆ ತಾತ ನನ್ನ ಮುಷ್ಟಿಗೆ ಕೊಟ್ಟಿದ್ದ ಬೀಗದ ಕೈಯಿಂದಲೇ ನನ್ನ ಅಂಗಡಿಗೆ ಬೀಗ ಹಾಕಿದೆ.