ಅತ್ತೆಯನ್ನು ನಿಘಂಟಿಗೆ ಸೇರಿಸಿದ್ದು

ನಾನು ಶಹಾಪುರದಲ್ಲಿ ಗಣಿತ ಕಲಿಸುವ ಮಾಸ್ತರ. ಮೂರು ವರ್ಷ ಕೂತು ಒಂದು ಕಾದಂಬರಿ ಬರೆದೆ. ಎಲ್ಲೂ ಇಲ್ಲದ ಒಂದು ರಾಜ್ಯದ ಕಥೆ. ಅಲ್ಲಿ ರಾಜನಿಲ್ಲ, ನಿಘಂಟೇ ಆಳುತ್ತದೆ. ಅದರಲ್ಲಿ ಯಾರಿಗೆ ಅರ್ಥ ಬರೆದಿದೆಯೋ ಅವರಷ್ಟೇ ಇದ್ದಾರೆ. ಬಿಟ್ಟುಹೋದವರು ಬೀದಿಯಲ್ಲಿ ಎದುರಾದರೂ ಯಾರಿಗೂ ಕಾಣುವುದಿಲ್ಲ. ಆ ನಿಘಂಟನ್ನೂ ಪುಸ್ತಕದ ಕೊನೆಗೆ ಸೇರಿಸಿದ್ದೆ.

'ನಿಘಂಟು: ಈಗ ನಿಮ್ಮ ಕೈಯಲ್ಲಿರುವುದು. ನಂಬಿಕೆ ಬಾರದಿದ್ದರೆ ನಿಘಂಟು ನೋಡಿ.'
'ಓದುಗ: ಸುಸ್ತಾದವನು. ಸುಸ್ತು ನೋಡಿ.'
'ಸುಸ್ತು: ಓದುಗನಿಗೆ ಆಗುವುದು. ಓದುಗ ನೋಡಿ.'

ಸುರಪುರದ ನನ್ನ ಹೆಂಡತಿ ಎರಡು ಪುಟ ಓದಿ, "ನಿಮಗ ಆರಾಮ ಅದ ಇಲ್ರಿ?" ಎಂದು ಹಣೆ ಮುಟ್ಟಿ ನೋಡಿದಳು.

ಬರೀ ತಮಾಷೆಗೆ ಬರೆದದ್ದು ಎಂದು ಎಲ್ಲರಿಗೂ ಹೇಳಿಕೊಂಡು ತಿರುಗಿದೆ. ಸುಳ್ಳು. ಬರೆದದ್ದು ಕೆಂಭಾವಿಯ ನನ್ನ ಸೋದರತ್ತೆಗಾಗಿ. ಆಕೆ ತಟ್ಟಿದ ರೊಟ್ಟಿ ತಿಂದೇ ಬೆಳೆದವನು ನಾನು. ಹನ್ನೆರಡು ವರ್ಷದ ಹಿಂದೆ ನನ್ನ ಲಗ್ನದ ಕಾರ್ಡಿನಲ್ಲಿ ಆಕೆಯ ಹೆಸರು ಬಿಟ್ಟುಹೋಯಿತು. ನಮ್ಮ ಕಡೆ ಕಾರ್ಡು ಕೈಗೆ ಬಂದರೆ ಮುಹೂರ್ತ ಯಾರು ನೋಡುತ್ತಾರೆ? ಸುಖಾಗಮನ ಬಯಸುವವರ ಪಟ್ಟಿಯಲ್ಲಿ ಯಾರು ಮೇಲಿದ್ದಾರೆ, ಯಾರು ಕೆಳಗಿದ್ದಾರೆ, ಯಾರು ಇಲ್ಲವೇ ಇಲ್ಲ, ಅದನ್ನೇ ನೋಡುವುದು. ಓದು ಬಾರದ ಅತ್ತೆ ಪಕ್ಕದ ಮನೆಯವರಿಂದ ಎರಡು ಸಲ ಓದಿಸಿ ಕೇಳಿದಳಂತೆ. ಲಗ್ನಕ್ಕೆ ಬರಲಿಲ್ಲ. ಆಮೇಲೂ ಮನೆ ಮೆಟ್ಟಲಿಲ್ಲ. ಆಕೆ ಒಮ್ಮೆ ಬರಲಿ, ನನಗೆ ಅಷ್ಟೇ ಬೇಕಿತ್ತು. ಅದಕ್ಕೇ ನಿಘಂಟಿನಲ್ಲಿ ಆಕೆಗೂ ಜಾಗ ಕೊಟ್ಟೆ. 'ಅತ್ತೆ: ಸಿಟ್ಟು ನೋಡಿ.' 'ಸಿಟ್ಟು: ಅತ್ತೆ ನೋಡಿ.' ಕೇಳಿ ನಗುತ್ತಾಳೆ, ನಕ್ಕರೆ ಬರುತ್ತಾಳೆ ಎಂಬುದು ಗಣಿತದ ಮಾಸ್ತರನ ಲೆಕ್ಕಾಚಾರ.

ಟೈಪ್ ಮಾಡಲು ಕೊಟ್ಟದ್ದು ಆ ಕಾರ್ಡು ಅಚ್ಚು ಹಾಕಿದ ಪ್ರೆಸ್ಸಿನವನಿಗೇ. ಊರಿಗೆಲ್ಲ ಲಗ್ನದ ಕಾರ್ಡು ಮಾಡಿದ ಕೈ ಅದು.

"ಸರ್, ಇದರಾಗ ಒಂದರ ಬಾಲ ಇನ್ನೊಂದು ಹಿಡದದ. ಅರ್ಥ ಎಲ್ಲದರಿ?"

"ಅದೇ ಅರ್ಥ. ನೀವು ಟೈಪ್ ಮಾಡ್ರಿ."

"ಅತ್ತಿಯವರಿಗಿ ತೋರಿಸೀರೇನ್ರಿ? ಮೊದಲೇ ಒಮ್ಮೆ ಕೆಟ್ಟದ."

ನನಗೆ ರೇಗಿತು. "ಅವರ ಹೆಸರು ನುಂಗಿದಾವ್ರು ನೀವು. ಬುದ್ಧಿ ಹೇಳಾವ್ರೂ ನೀವೇ ಏನು?"

ಆತ ಮೌಸ್ ಬಿಟ್ಟು ನನ್ನ ಕಡೆ ತಿರುಗಿದ. "ನಾ ನುಂಗಿಲ್ರಿ. ಒಂದು ಸಾಲು ಹೆಚ್ಚಾಗೇದ, ಏನು ಮಾಡಲಿ ಅಂತ ಫೋನ್ ಹಚ್ಚಿದ್ದೆ. ಕಡೀ ಸಾಲು ತೆಗದು ಒಗೀರಿ ಅಂದ್ರಿ."

ಹೌದು, ಅಂದಿದ್ದೆ. ಆ ಸಾಲಿನಲ್ಲಿ ಯಾರಿದ್ದಾರೆ ಎಂದು ಕೇಳಿರಲಿಲ್ಲ. ಹನ್ನೆರಡು ವರ್ಷ ಆ ಪುಣ್ಯಾತ್ಮನನ್ನು ಬೈದುಕೊಂಡು ತಿರುಗಿದ್ದೆ.

ಮುಂದಿನ ರವಿವಾರ ಕರಡು ಪ್ರತಿ ಹಿಡಿದು ಕೆಂಭಾವಿಯ ಬಸ್ಸು ಹತ್ತಿದೆ. ಅತ್ತೆ ಕಟ್ಟೆಯ ಮೇಲೆ ಮೊರ ಇಟ್ಟುಕೊಂಡು ತೊಗರಿ ಹಸನು ಮಾಡುತ್ತಿದ್ದಳು. ಬಾ ಅನ್ನಲಿಲ್ಲ, ಹೋಗು ಎಂದೂ ಅನ್ನಲಿಲ್ಲ. ಎದುರು ಕೂತು ಓದತೊಡಗಿದೆ. 'ಅತ್ತೆ: ಸಿಟ್ಟು ನೋಡಿ.'

"ಮತ್ತ ಸಿಟ್ಟು ನೋಡಿದ್ರ?"

"ಅತ್ತಿಗಿ ನೋಡು ಅಂತದ."

ಮೊರ ನಿಂತಿತು. ತುಟಿಯ ತುದಿ ಅಲ್ಲಾಡಿತು. ನನಗೆ ಹುರುಪು ಬಂದು, ಕಣ್ಣಿಗೆ ಬಿದ್ದದ್ದನ್ನೆಲ್ಲ ಗಟ್ಟಿ ದನಿಯಲ್ಲಿ ಓದುತ್ತ ಹೋದೆ. ಕೊನೆಯ ಪುಟದ ತಳದ ಸಾಲನ್ನೂ ಓದಿದೆ: 'ಖುದ್ದಾಗಿ ಬರಲು ಆಗದ್ದಕ್ಕೆ ಮನ್ನಿಸಿ, ಇದನ್ನೇ ಖುದ್ದು ಕರೆದಂತೆ ಭಾವಿಸಬೇಕಾಗಿ ವಿನಂತಿ.'

ಅಯ್ಯೋ ದೇವರೇ! ಪ್ರೆಸ್ಸಿನವ ಯಾರದೋ ಲಗ್ನದ ಕಾರ್ಡಿನ ಫೈಲಿನಲ್ಲೇ ನನ್ನ ನಿಘಂಟು ತುಂಬಿದ್ದ. ಕೆಳಗಿನ ಸಾಲು ಅಳಿಸಿರಲಿಲ್ಲ.

"ಏ ಹುಚ್ಚಪ್ಪ, ಎದುರಿಗಿ ಕುಂತು ಬರಾಕ ಆಗಿಲ್ಲ ಅಂತ ಓದಾಕತ್ತೀ?" ಎಂದು ಅತ್ತೆ ಬಿದ್ದು ಬಿದ್ದು ನಕ್ಕಳು. ನಾನೂ ನಕ್ಕೆ. ನಗು ನಿಂತ ಮೇಲೂ ಆಕೆ ಸೆರಗಿನಿಂದ ಕಣ್ಣು ಒರೆಸಿಕೊಳ್ಳುತ್ತಲೇ ಇದ್ದಳು.

"ಅತ್ತಿ, ಆ ಸಾಲು ತೆಗೀರಿ ಅಂದಾವ ನಾನೇ."

"ಗೊತ್ತದ. ಕಾರ್ಡು ಬಂದ ವಾರದಾಗೇ ಪ್ರೆಸ್ಸಿನಾವ ಬಂದಿದ್ದ. ತಪ್ಪು ನಂದೇ ಅವ್ವಾ ಅಂತ ಕೈ ಮುಗದ. ನಿನ್ನ ಉಳಸಾಕ ಸುಳ್ಳು ಹೇಳಾಕತ್ತಾನ ಅಂತ ಆಗೇ ತಿಳೀತು. ಕಾರ್ಡಿನ ಸಿಟ್ಟು ಅವತ್ತೇ ಹೋತು." ಮೊರ ಪಕ್ಕಕ್ಕಿಟ್ಟಳು. "ಅವ ಬಂದ. ನೀ ಬರಲಿಲ್ಲ."

ಒಂದು ತಾಸಿನ ದಾರಿ ಅದು. ನನ್ನ ಕೈ ಸುಮ್ಮನೆ ಹಾಳೆ ತಿರುವುತ್ತಿತ್ತು.

"ಅದನ್ನ ಮುಚ್ಚು. ಬಾಯಿಲೆ ಕರಿ."

ಕರೆದೆ. ಅರ್ಧ ಮಾತೇ ಹೊರಗೆ ಬಂತು. ಅತ್ತೆ ಅಷ್ಟಕ್ಕೇ ಎದ್ದಳು.