ಮಂಜಿಗೆ ಹಾಕಿದ ಕೆಂಪು ರೌಂಡು

ಓದೋರಿಗೆಲ್ಲ ನಮಸ್ಕಾರ. ನಾನು ಅಕ್ಷರ ಕಲಿತದ್ದು ಮೀಸೆ ಬಂದ್ಮೇಲೆ. ಮೊಬೈಲಲ್ಲಿ ಒಂದೊಂದೇ ಅಕ್ಷರ ಒತ್ತಿ ಬರೀತಿದೀನಿ, ತಪ್ಪಿದ್ರೆ ಹೊಟ್ಟೆಗೆ ಹಾಕ್ಕೊಳ್ಳಿ.

ಆಲ್ದೂರಲ್ಲಿ ನಾನು, ಅಕ್ಕ ಒಂದೇ ಮನೇಲಿ ಇರೋದು. ಹೋದ ಮಳೆಗಾಲ ಭಾವ ದೇವರಮನೆ ಗುಡ್ಡದ ಕಡೆ ಹೋದವ್ರು ವಾಪಸ್ ಬರ್ಲಿಲ್ಲ. ಪೊಲೀಸ್ನೋರು, ಊರೋರು ಎಲ್ಲ ಹುಡುಕಿದ್ರು. ಚಪ್ಪಲಿನೂ ಸಿಗ್ಲಿಲ್ಲ. ವರ್ಷ ತುಂಬ್ತಾ ಬಂತು, ತಿಥಿ ಕಾರ್ಯ ಮಾಡಿ ಮುಗ್ಸಿ ಅಂತ ಭಾವನ ಅಣ್ಣ ಹೇಳ್ತಾನೇ ಇದ್ರು. ಅಕ್ಕ ಒಪ್ತಿರ್ಲಿಲ್ಲ. "ಬದುಕಿರೋರಿಗೆ ಎಡೆ ಇಡ್ಬೇಕಾ?" ಅನ್ನೋಳು.

ಭಾನುವಾರ ಮಧ್ಯಾಹ್ನ ಟೀವೀಲಿ ನ್ಯೂಸ್ನೋರನ್ನ ಅಣಕಿಸೋ ತಮಾಷೆ ಕಾರ್ಯಕ್ರಮ ಬರ್ತದೆ. ಪಕ್ಕದ ಅಂಗಡಿಯವನೂ ನೋಡಕ್ಕೆ ಬರ್ತಾನೆ. ಅವತ್ತಿಂದು ದೇವರಮನೆ ಗುಡ್ಡದಲ್ಲೇ ತೆಗೆದಿದ್ರು. ಸುತ್ತ ಬರೀ ಮಂಜು. ವರದಿಗಾರನ ವೇಷದವನು ಮೈಕ್ ಹಿಡ್ಕಂಡು, "ವೀಕ್ಷಕರೇ, ನನ್ನ ಹಿಂದೆ ಏನೂ ಕಾಣ್ತಿಲ್ಲ! ಏನೂ ಕಾಣದೇ ಇರೋದನ್ನ ಮೊದ್ಲು ತೋರಿಸ್ತಿರೋದು ನಾವೇ!" ಅಂತ ಕಿರುಚ್ದ. ಖಾಲಿ ಮಂಜಿಗೆ ಕೆಂಪು ರೌಂಡು, ಬಾಣದ ಗುರ್ತು, ಢಣ್ ಢಣ್ ಮ್ಯೂಸಿಕ್ಕು. ನಾನೂ ಅಂಗಡಿಯವನೂ ಬಿದ್ದು ಬಿದ್ದು ನಕ್ವಿ.

ಅಕ್ಕ ನಗ್ಲಿಲ್ಲ. "ರೌಂಡೊಳಗೆ ನಿಮ್ ಭಾವ ನಿಂತಿದಾರಲ್ಲೋ."

"ತಮಾಷೆಗೆ ಹಾಕಿದ್ದು ಮಾರಾಯ್ರೇ, ಅಲ್ಲಿ ಎಂತದೂ ಇಲ್ಲ," ಅಂದ ಅಂಗಡಿಯವ.

"ತಮಾಷೆ ಮಾಡೋನು ಮುಂದೆ ನಿಂತಿದಾನೆ. ಹಿಂದೆ ನಿಂತೋರೂ ತಮಾಷೆಗೆ ನಿಂತಿದಾರಾ?"

ಆ ತುಣುಕನ್ನ ಮೊಬೈಲಲ್ಲಿ ತೆಗ್ದು ನಿಲ್ಸಿ ನಿಲ್ಸಿ ನೋಡ್ದೆ. ನಂಗೆ ಮಂಜು ಬಿಟ್ರೆ ಏನೂ ಕಾಣ್ಲಿಲ್ಲ.

ಅಕ್ಕ ಹಠ ಹಿಡಿದ್ಲು, ಮಾರನೇ ದಿನ ಗುಡ್ಡಕ್ಕೆ ಹೋದ್ವಿ. ಟೀವೀಲಿ ಆ ವರದಿಗಾರನ ವೇಷದವನು ನಿಂತಿದ್ದ ಬಂಡೆ ಹತ್ರ ನನ್ನ ನಿಲ್ಸಿ, ತಾನು ಕ್ಯಾಮೆರಾ ಇದ್ದಿರಬಹುದಾದ ಕಡೆ ಹೋಗಿ ನಿಂತ್ಲು. ಮಂಜು ಹಾಗೇ ಇತ್ತು. ನನ್ನ ಹೆಗಲಿನ ಆಚೆ ನೋಡ್ತಾ, ಊಟಕ್ಕೆ ಕರೆಯೋ ದನೀಲಿ ಏನೋ ಕೇಳಿದ್ಲು. ಕೇಳಿ ಸುಮ್ನಾದ್ಲು. ತಲೆ ಆಡಿಸಿದ್ಲು. ಮತ್ತೆ ಏನೋ ಕೇಳಿದ್ಲು. ನನ್ನ ಕಿವಿಗೆ ಗಾಳಿ ಶಬ್ದನೂ ಬೀಳ್ತಿರ್ಲಿಲ್ಲ. ಕತ್ತಿನ ಹಿಂದೆ ಮಾತ್ರ ಯಾರೋ ಒದ್ದೆ ಬಟ್ಟೆ ಇಟ್ಟಂಗೆ ತಣ್ಣಗಾಯ್ತು. ತಿರುಗಕ್ಕೆ ಧೈರ್ಯ ಬರ್ಲಿಲ್ಲ.

ವಾಪಸ್ ಬರ್ತಾ ಬಸ್ಸಲ್ಲಿ ಅಕ್ಕ ಹೇಳಿದ್ಲು, "ಕಾರ್ಯ ಮಾಡ್ಸು. ಇನ್ನು ಕಾಯ್ಬೇಡ ಅಂತ ಅವ್ರೇ ಹೇಳಿದ್ರು."

ಕಾರ್ಯ ಆಯ್ತು. ಅಕ್ಕ ಈಗ ಹೊಟ್ಟೆ ತುಂಬ ಉಣ್ತಾಳೆ, ಮಲಗ್ತಾಳೆ. ನಿದ್ದೆ ಬರ್ದೇ ಇರೋದು ನಂಗೆ.

ಎಲ್ರೂ ಏನೂ ಇಲ್ಲ ಅಂದ ಜಾಗದಲ್ಲಿ ನಿಮಗೆ ಯಾರಿಗಾದ್ರೂ ನಿಮ್ಮೋರು ಕಂಡಿದ್ರೆ ದಯವಿಟ್ಟು ಬರೀರಿ. ನಾನು ತಿರುಗಿ ನೋಡ್ಬೇಕಿತ್ತಾ, ಅದನ್ನೂ ಹೇಳಿ.