ಹನ್ನೆರಡನೆಯ ಕಿಟಕಿಯ ಪರದೆ

ಗುರುಬಾಯಿಯನ್ನು ಹೊಗಳುವ ಹಕ್ಕು ನನಗೆ ಅಷ್ಟಾಗಿ ಇಲ್ಲ. ತೆಲುಗು ಸೀಮೆಯ ನಾಚಾರಂನ ಆ ಕಾರ್ಖಾನೆಯಲ್ಲಿ ಆಕೆಗೆ ನನ್ನಷ್ಟು ಅನ್ಯಾಯ ಮಾಡಿದವರು ಇನ್ನೊಬ್ಬರಿರಲಿಲ್ಲ. ಆದರೂ ಹೊಗಳುತ್ತೇನೆ, ಯಾರು ಬೇಡವೆಂದಾರು?

ಎಂಬತ್ನಾಲ್ಕರಲ್ಲಿ ಆಕೆ ಹೆಲ್ಪರ್ ಆಗಿ ಬಂದಳು. ಹುಮನಾಬಾದ್ ಕಡೆಯವಳು, ಗಂಡ ತೀರಿಕೊಂಡಿದ್ದ, ಇಬ್ಬರು ಹೆಣ್ಣುಮಕ್ಕಳು. ಆರು ತಿಂಗಳು ಕೆಲಸ ನೋಡಿ, ಸರಿಯಿದ್ದರೆ ಪರ್ಮನೆಂಟ್, ಇಲ್ಲದಿದ್ದರೆ ಮನೆಗೆ. ನೋಡಿ ಹೇಳಬೇಕಾದ ಮೇಸ್ತ್ರಿ ಈ ಕಲ್ಯಾಣಪ್ಪ, ಅಂದರೆ ನಾನು. ನಾನೂ ಬೀದರ್ ಕಡೆಯವನೇ. ಆದರೆ ಹೊಸದರಲ್ಲಿ ಎಲ್ಲರೂ ನನ್ನ ತೆಲುಗನ್ನು ಆಡಿಕೊಂಡು ನಕ್ಕಿದ್ದರು. ಆ ಉರಿಗೆ ತೆಲುಗು ಕಲಿತು, ಕಾರ್ಖಾನೆಯ ಗೇಟಿನೊಳಗೆ ಕನ್ನಡವನ್ನೇ ಬಿಟ್ಟುಬಿಟ್ಟಿದ್ದೆ. ಆಕೆ ಬಂದ ದಿನವೇ ಕಾಲಿಗೆ ಸ್ಟೂಲು ಬಡಿದು ನನ್ನ ಬಾಯಿಂದ "ಯವ್ವಾ" ಎಂದು ಬಂತು.

"ನಮ್ಮ ಕಡೆಯವರೇನ್ರಿ ಅಣ್ಣಾರ?" ಎಂದು ಕೇಳಿದಳು.

ನಿನ್ನ ಕೆಲಸ ನೋಡಿಕೋ ಎಂದು ತೆಲುಗಿನಲ್ಲಿ ಗದರಿದೆ. ಆಕೆ ಮತ್ತೆ ಕೇಳಲಿಲ್ಲ.

ಹೆಂಗಸು ನಿಚ್ಚಣಿಕೆ ಹತ್ತುವುದು ನನಗೆ ಸೇರುತ್ತಿರಲಿಲ್ಲ. ಆರನೆಯ ತಿಂಗಳು ಟ್ರೇನಿಂಗ್ ಹಾಲ್‌ಗೆ ಸುಣ್ಣಬಣ್ಣ ಮಾಡುವುದಿತ್ತು. ಹನ್ನೆರಡು ಕಿಟಕಿಗಳ, ಕೋಲಿಗೆ ಸುತ್ತಿಕೊಳ್ಳುವ ಸ್ಪ್ರಿಂಗ್ ಪರದೆಗಳನ್ನು ಬಿಚ್ಚಲು, ಸೋತು ಹೋಗಲಿ ಎಂದು ಬೇಕೆಂತಲೇ ಆಕೆಯನ್ನು ಕಳಿಸಿದೆ. ಪರದೆ ಅರ್ಧ ಇಳಿದಿರುವಾಗ ಬ್ರಾಕೆಟ್‌ನಿಂದ ಕಿತ್ತರೆ ಒಳಗಿನ ಸ್ಪ್ರಿಂಗ್ ಗಿರ್ರನೆ ಬಿಚ್ಚಿಕೊಂಡು ಬೆರಳು ಜಜ್ಜುತ್ತದೆ. ಆ ಮಾತು ನಾನು ಹೇಳಲಿಲ್ಲ. ಎಂಥ ಬುದ್ಧಿ ನೋಡಿ ನನ್ನದು!

ಗುರುಬಾಯಿ ಮೊದಲ ಪರದೆಯನ್ನು ಹತ್ತಾರು ಸಲ ಎಳೆದಳು, ಬಿಟ್ಟಳು, ಕಿವಿಗೊಟ್ಟು ಕೇಳಿದಳು. ಆಮೇಲೆ ಪೂರ್ತಿ ಮೇಲಕ್ಕೆ ಸುತ್ತಿ, ಹಳೆ ಸೀರೆಯ ಪಟ್ಟಿಯಿಂದ ಬಿಗಿಯಾಗಿ ಕಟ್ಟಿ, ಕೋಲಿನ ಚಪ್ಪಟೆ ಮೊಳೆಯ ತುದಿಯನ್ನು ಬ್ರಾಕೆಟ್‌ನ ಸೀಳಿನಿಂದ ಎತ್ತಿ, ಆ ಕಡೆಯ ತುದಿಯನ್ನು ತೂತಿನಿಂದ ಮೆಲ್ಲಗೆ ಜಾರಿಸಿದಳು. ಮಲಗಿದ ಕೂಸನ್ನು ತೊಟ್ಟಿಲಿಂದ ಎತ್ತಿದ ಹಾಗೆ ಎದೆಗವಚಿಕೊಂಡು ಇಳಿದಳು. ಮಧ್ಯಾಹ್ನದೊಳಗೆ ಹನ್ನೊಂದು ಪರದೆ, ಒಂದು ಗೀರೂ ಇಲ್ಲದೆ. ಇಪ್ಪತ್ತು ವರ್ಷ ಇದೇ ಕೆಲಸ ಮಾಡಿದ ಮೇಸ್ತ್ರಿಯಾದ ನನಗೂ ಅಷ್ಟು ನಾಜೂಕು ಇರಲಿಲ್ಲ.

ಆಕೆ ಊಟಕ್ಕೆ ಹೋದಾಗ ನಾನು ಒಳಗೆ ಹೋದೆ. ಹನ್ನೆರಡನೆಯದು ಹಾಗೇ ಇತ್ತು. ಕೆಳಗೆ ಗೋಡೆಯ ಮೇಲೆ ಸೀಮೆಸುಣ್ಣದಲ್ಲಿ ಕನ್ನಡದ ದಪ್ಪ ಅಕ್ಷರ: "ಕಲ್ಯಾಣಪ್ಪಣ್ಣಾರ, ಇದಕ್ಕ ಕೈ ಹಚ್ಚಬ್ಯಾಡ್ರಿ. ಗ್ವಾಡಿ ಪೊಳ್ಳೈತಿ." ನಾಲ್ಕನೇ ಇಯತ್ತೆ ಕಲಿತವಳಿಗೆ ಬರುತ್ತಿದ್ದ ಲಿಪಿ ಅದೊಂದೇ.

ಈಕೆ ನನಗೆ ಬುದ್ಧಿ ಹೇಳುವವಳಾದಳಾ ಎಂದು ಸಿಟ್ಟು ನೆತ್ತಿಗೇರಿತು. ಹತ್ತಿ ಎಳೆದೆ. ಬ್ರಾಕೆಟ್ ಗಿಲಾವಿನ ಸಮೇತ ಕಿತ್ತುಬಂತು, ಕೋಲು ನನ್ನ ಹಣೆಗೆ ಬಡಿಯಿತು, ಕಿಟಕಿಯ ಗಾಜು ಪುಡಿಯಾಯಿತು.

ಸದ್ದಿಗೆ ಗುರುಬಾಯಿ ಓಡಿಬಂದಳು, ಹಿಂದೆಯೇ ಮ್ಯಾನೇಜರ್ ದತ್ತಾತ್ರೇಯ. ಜಟ್ಟಿ ಜಾರಿ ಬಿದ್ದರೂ ಮೀಸೆ ಮಣ್ಣಾಗಲಿಲ್ಲ ಅಂತಾರಲ್ಲ, ಹಾಗೆ ನಾನು, "ಈಕೆ ಕೆಲಸ ಅರ್ಧಕ್ಕೆ ಬಿಟ್ಟು ಹೋಗಿದ್ದಳು, ಒಂದು ಮಾತೂ ಹೇಳಲಿಲ್ಲ" ಎಂದುಬಿಟ್ಟೆ.

"ಬರೆದಿದ್ದೆ ಸಾಬ್" ಎಂದು ಆಕೆ ಹರುಕು ಹಿಂದಿಯಲ್ಲಿ ಗೋಡೆ ತೋರಿಸಿದಳು.

ತೆಲುಗಿನವರಾಗಿದ್ದರೆ ಅಕ್ಷರ ಕೂಡಿಸಿ ನನ್ನ ಹೆಸರನ್ನಾದರೂ ಓದುತ್ತಿದ್ದರು. ದತ್ತಾತ್ರೇಯ ನಾಗಪುರದವರು. "ಇದನ್ನ ಇಲ್ಲಿ ಯಾರು ಓದುತ್ತಾರೆ? ಇಂಥ ಕೆಲಸಕ್ಕೆ ಪರ್ಮನೆಂಟ್ ಬೇರೆ ಮಾಡಬೇಕಾ?" ಎಂದರು.

ಗುರುಬಾಯಿ ನನ್ನತ್ತ ಬೆರಳು ತೋರಿಸಿದ್ದರೆ ಮುಗಿದಿತ್ತು. ತೋರಿಸಲಿಲ್ಲ. ನನ್ನ ಮುಖವನ್ನೂ ನೋಡಲಿಲ್ಲ. "ತಪ್ಪಾಯಿತು ಸಾಬ್, ಬೇರೆಯವರ ಕೈಲಿ ತೆಲುಗಿನಲ್ಲಿ ಬರೆಸಬೇಕಿತ್ತು" ಎಂದಳು. ಇಬ್ಬರು ಮಕ್ಕಳ ಅನ್ನ ಆ ಕೆಲಸದ ಮೇಲಿತ್ತು. ಆದರೂ ನಾನು ಮುಚ್ಚಿಟ್ಟದ್ದನ್ನು ಆಕೆ ಬಿಚ್ಚಲಿಲ್ಲ. ನನಗೆ ನಿಂತ ನೆಲ ಸುಟ್ಟಂತಾಯಿತು.

"ನಾನು ಓದುತ್ತೇನೆ" ಎಂದೆ. ನನ್ನ ಹೆಸರಿನಿಂದಲೇ ಶುರುಮಾಡಿ ಗಟ್ಟಿಯಾಗಿ ಕನ್ನಡದಲ್ಲೇ ಓದಿದೆ, ಆಮೇಲೆ ಹಿಂದಿಯಲ್ಲಿ ಅರ್ಥ ಹೇಳಿದೆ. "ಹತ್ತುವ ಮೊದಲೇ ಓದಿದ್ದೆ ಸಾಬ್. ಆಕೆಯದು ತಪ್ಪಿಲ್ಲ."

ಗಾಜು ನನ್ನ ಲೆಕ್ಕಕ್ಕೆ ಬಿತ್ತು. ಗುರುಬಾಯಿ ಪರ್ಮನೆಂಟ್ ಆಗಿ ಇಪ್ಪತ್ತೆರಡು ವರ್ಷ ದುಡಿದಳು.

ಆ ದಿನ ಮ್ಯಾನೇಜರ್ ಹೋದ ಮೇಲೆ ಆಕೆ ಹನ್ನೆರಡನೆಯ ಪರದೆಗೆಂದು ಇಟ್ಟಿದ್ದ ಸೀರೆಪಟ್ಟಿಯನ್ನು ನನ್ನ ಹಣೆಗೆ ಕಟ್ಟಿದಳು.

"ಪೆಟ್ಟು ಭಾಳ ಹತ್ತೈತೇನ್ರಿ ಅಣ್ಣಾರ?"

"ಹತ್ತಲಿ ಬಿಡವ್ವಾ," ಎಂದೆ, "ಹತ್ತಬೇಕಾದ್ದ ಹತ್ತೈತಿ."